ಗುಂಡಿಯ ಮುಚ್ಚಳ

“ಗುರುಗಳೇ, ಪರರ ಸಂಕಟವನ್ನು ಲೋಕಕ್ಕೆ ತೋರಿಸುವವನು ಪುಣ್ಯವಂತನಲ್ಲವೇ?” ಎಂದು ಶಿಷ್ಯ ಕೇಳಿದ.

ಗುರುಗಳು ಹೇಳತೊಡಗಿದರು.

ಒಬ್ಬ ಸಾಕ್ಷ್ಯಚಿತ್ರ ನಿರ್ದೇಶಕನಿದ್ದ. ಒಳ್ಳೆಯವನು, ಅದರಲ್ಲಿ ಎರಡು ಮಾತಿಲ್ಲ. ಮನುಷ್ಯರು ಮಲದ ಗುಂಡಿಗೆ ಇಳಿದು ಸಾಯುತ್ತಾರೆಂದು ಕೇಳಿ ಅವನಿಗೆ ಅನ್ನ ಸೇರದಾಯಿತು. ಇದನ್ನು ನಿಲ್ಲಿಸಲೇಬೇಕೆಂದು ಕ್ಯಾಮೆರಾ ಹೊತ್ತು ಹೊರಟ.

ಗುಂಡಿಗೆ ಇಳಿಯುವವನೊಬ್ಬ ಚಿತ್ರೀಕರಣಕ್ಕೆ ಒಪ್ಪಿದ. ಆ ಕೆಲಸದವರಲ್ಲಿ ಒಂದು ಕ್ರಮವುಂಟು. ಬೆಳಗ್ಗೆಯೇ ಮುಚ್ಚಳ ತೆಗೆದಿಟ್ಟು, ವಿಷಗಾಳಿ ಹೋಗಲೆಂದು ಕಾದು, ಬಿಸಿಲೇರಿದ ಮೇಲೆ ಇಳಿಯುತ್ತಾರೆ. ಅಂದು ನಿರ್ದೇಶಕ ಬರುವಷ್ಟರಲ್ಲಿ ಅವನು ಮುಚ್ಚಳ ತೆಗೆದು ಕಾಯುತ್ತ ಕುಳಿತಿದ್ದ.

ನಿರ್ದೇಶಕನಿಗೆ ಪೆಚ್ಚಾಯಿತು. ಮುಚ್ಚಳ ಏಳುವ ದೃಶ್ಯದಿಂದಲೇ ಚಿತ್ರ ಶುರುವಾಗಬೇಕೆಂದು ಅವನ ಆಸೆ.

“ಮುಚ್ಚಿ ಇನ್ನೊಂದು ಸಲ ತೆಗೆಯಪ್ಪಾ” ಎಂದ.

ಕೆಲಸದವನು ಗುಂಡಿಯ ಕಡೆಗೊಮ್ಮೆ, ಇವನ ಕಡೆಗೊಮ್ಮೆ ನೋಡಿದ. ತನ್ನ ಕಷ್ಟ ಕೇಳಲು ಅಷ್ಟು ದೂರದಿಂದ ಯಾರೂ ಬಂದವರಿರಲಿಲ್ಲ. “ಆಯ್ತು ಬಿಡಿ ಸಾರ್” ಎಂದು ಮುಚ್ಚಿದ.

ಕ್ಯಾಮೆರಾ ಹೂಡಿ, ನೆರಳು ಸರಿಯಲೆಂದು ಕಾದು ಮಧ್ಯಾಹ್ನವಾಯಿತು. ದೃಶ್ಯ ನಡುವೆ ತುಂಡಾಗಬಾರದೆಂದು ನಿರ್ದೇಶಕ ಮೊದಲೇ ಹೇಳಿದ್ದ. ಹಾಗಾಗಿ ಕೆಲಸದವನು ಸೊಂಟಕ್ಕೆ ಹಗ್ಗ ಕಟ್ಟಿಕೊಂಡು, ಮುಚ್ಚಳ ತೆಗೆದವನೇ ಇಳಿದುಬಿಟ್ಟ. ಹಗ್ಗ ಎಳೆದೆಳೆದು ನಿರ್ದೇಶಕನ ಅಂಗೈ ಕಿತ್ತುಹೋಯಿತು. ಮೇಲೆ ಬಂದದ್ದು ಹೆಣ.

ಚಿತ್ರ ನೋಡಿದವರೆಲ್ಲ ಬಿಕ್ಕಿ ಬಿಕ್ಕಿ ಅತ್ತರು. ಗುಂಡಿಗೆ ಇಳಿಯುವವರು ಇಳಿಯುತ್ತಲೇ ಇದ್ದರು. ಮುಚ್ಚಳ ಎರಡು ಸಲ ತೆಗೆದದ್ದನ್ನು ನಿರ್ದೇಶಕ ಯಾರಿಗೂ ಹೇಳಲಿಲ್ಲ. ಅದು ಅವನನ್ನು ಒಳಗೊಳಗೇ ತಿಂದುಹಾಕಿತು. ತಡೆಯಲಾರದೆ ಒಂದು ದಿನ ಸತ್ತವನ ಮನೆಗೆ ಹೋಗಿ, ನಡೆದದ್ದನ್ನೆಲ್ಲ ಹೇಳಿ ಅವನ ಹೆಂಡತಿಯ ಕಾಲು ಹಿಡಿದ.

ಅವಳು ಕಣ್ಣೀರು ಹಾಕಲಿಲ್ಲ. “ನಮ್ಮನೆಯವ್ರು ಬೆಳಿಗ್ಗೇನೇ ಮುಚ್ಚಳ ತೆಗ್ದಿದ್ರಲ್ಲ ಸಾರ್. ಅದನ್ಯಾಕೆ ತೋರಿಸ್ಲಿಲ್ಲ? ಕೆಲ್ಸ ಗೊತ್ತಿಲ್ದೆ ಸತ್ತ ಅಂತ ಓಣಿ ಜನ ಆಡ್ಕೋತಾರೆ” ಎಂದಳು.

ಜೀವದ ಜೊತೆಗೆ ಅವನ ಮರ್ಯಾದೆಯನ್ನೂ ತಾನೇ ಕಳೆದೆನೆಂದು ನಿರ್ದೇಶಕನಿಗೆ ಆಗ ತಿಳಿಯಿತು. ಗೋಡೆ ಹಿಡಿದುಕೊಂಡು ಗಳಗಳನೆ ಅತ್ತ.

ಗುರುಗಳು ಅಲ್ಲಿಗೆ ನಿಲ್ಲಿಸಿದರು.

“ಅವಳಿಗೆ ಅವನು ಏನು ಹೇಳಿದ?” ಎಂದು ಶಿಷ್ಯ ಮೆಲ್ಲನೆ ಕೇಳಿದ.

“ಕಣ್ಣೊರೆಸಿಕೊಂಡು ಚೀಲದಿಂದ ಕ್ಯಾಮೆರಾ ತೆಗೆದ, ಆ ಮಾತನ್ನು ಇನ್ನೊಂದು ಸಲ ಹೇಳು ತಾಯಿ ಎಂದ.”