ಎರಡನೆಯ ರೀಲು

ಹೊಳೆಯ ದಂಡೆಯಲ್ಲಿ ಓಂಕಾರಪ್ಪನವರೆಂಬ ಗುರುಗಳಿದ್ದರು. ಅವರು ಕಲಿಸುತ್ತಿದ್ದದ್ದು ಸಿನಿಮಾ ತೆಗೆಯುವುದನ್ನು.

ಅವರ ಸಿನಿಮಾಗಳಲ್ಲಿ ಕಥೆಯಿಲ್ಲ, ನಟರಿಲ್ಲ. ಕ್ಯಾಮೆರಾವನ್ನು ಒಂದು ಕಡೆ ಇಟ್ಟರೆ ಮುಗಿಯಿತು. ಎಮ್ಮೆಯೋ ಮನುಷ್ಯರೋ, ಎದುರಿಗೆ ಬಂದದ್ದು ಬಂತು, ಹೋದದ್ದು ಹೋಯಿತು. ಮೂರು ನಿಮಿಷಕ್ಕೆ ರೀಲು ಖಾಲಿ.

“ಗುರುಗಳೇ, ಇದರಲ್ಲಿ ಹೊಡೆದಾಟ ಯಾವಾಗ ಬರುತ್ತೆ?” ಎಂದು ಊರಿನವರು ಕೇಳುತ್ತಿದ್ದರು.

“ಎಮ್ಮೆಗಳಿಗೆ ಹೇಳಿಟ್ಟಿದ್ದೀನಿ. ಅವೇ ಮನಸ್ಸು ಮಾಡಬೇಕು.”

ಶಿಷ್ಯ ಇಂದುಧರ ನಾಲ್ಕು ವರ್ಷ ಕ್ಯಾಮೆರಾದ ಸ್ಟ್ಯಾಂಡು ಹೊತ್ತ. ಒಂದು ಬೆಳಿಗ್ಗೆ ಗುರುಗಳು ಕ್ಯಾಮೆರಾವನ್ನೇ ಅವನ ಕೈಗಿತ್ತರು.

“ಒಬ್ಬನೇ ಹೋಗಿ ತೆಗೆದುಕೊಂಡು ಬಾ. ಸರಿಯಾಗಿ ಬಂದರೆ ಇದು ಇನ್ನು ನಿನ್ನದು.”

ಇಂದುಧರ ಸ್ನಾನಘಟ್ಟದಲ್ಲಿ ಕಾದು ಕೂತ. ಪಕ್ಕದೂರಿನ ಸಂಜೀವಶೆಟ್ಟರು ಹೆಂಡತಿಯ ಅಸ್ಥಿ ಬಿಡಲು ಬಂದರು. ಇವನು ಒಪ್ಪಿಗೆ ಕೇಳಿಯೇ ಕ್ಯಾಮೆರಾ ಚಾಲೂ ಮಾಡಿದ.

ಶೆಟ್ಟರು ಮೊಣಕಾಲುದ್ದದ ನೀರಿಗಿಳಿದು, ಮಡಕೆಯನ್ನು ಎದೆಗೊತ್ತಿಕೊಂಡು ನಿಂತರು. ನಿಂತೇ ಇದ್ದರು. ಕೊನೆಗೆ ಅವರು ಮಡಕೆ ಬಾಗಿಸುವುದಕ್ಕೂ ರೀಲು ಮುಗಿಯುವುದಕ್ಕೂ ಸರಿಹೋಯಿತು.

ಅಸ್ಥಿ ನೀರಿಗೆ ಬಿದ್ದದ್ದು ಇಂದುಧರನಿಗೆ ಸಿಗಲೇ ಇಲ್ಲ. ಗಡಿಬಿಡಿಯಲ್ಲಿ ಇನ್ನೊಂದು ರೀಲು ಹಾಕಿ, “ಶೆಟ್ಟರೇ, ಇನ್ನೊಂದು ಸಲ ಬಿಡ್ತೀರಾ?” ಎಂದುಬಿಟ್ಟ.

ಶೆಟ್ಟರು ಅವನ ಮುಖ ನೋಡಿದರು.

“ಎಲ್ಲಿಂದ ತರಲಪ್ಪಾ ಅವಳನ್ನ?”

ಆಮೇಲೆ, ಪಾಪ, ಇವನ ಕೆಲಸ ಯಾಕೆ ಕೆಡಬೇಕೆಂದು ಅದೇ ಮಡಕೆಗೆ ದಂಡೆಯ ಮರಳು ತುಂಬಿಕೊಂಡು ಮತ್ತೆ ನೀರಿಗಿಳಿದರು.

ಮೂರು ದಿನದ ಮೇಲೆ ಇಂದುಧರ ಎರಡೂ ರೀಲುಗಳನ್ನು ತೊಳೆದು ಒಣಗಿಸಿ, ಕಿಟಕಿ ಮುಚ್ಚಿ, ಗೋಡೆಯ ಮೇಲೆ ಗುರುಗಳಿಗೆ ತೋರಿಸಿದ. ನಡೆದದ್ದನ್ನೂ ಹೇಳಿದ.

“ಎರಡನೆಯದರಲ್ಲಿ ಬೆಳಕು ಚೆನ್ನಾಗಿದೆ,” ಎಂದರು ಗುರುಗಳು.

ಇಂದುಧರ ಹಿಗ್ಗಿದ.

“ಶೆಟ್ಟರು ಅದರಲ್ಲಿ ಯಾರನ್ನ ನೋಡ್ತಿದಾರೆ?”

“ನನ್ನನ್ನ, ಗುರುಗಳೇ. ಸಾಕಾ, ಇನ್ನೂ ಬೇಕಾ ಅಂತ.”

“ಮೊದಲನೆಯದರಲ್ಲಿ?”



ಅಷ್ಟರಲ್ಲಿ ಬಾಗಿಲಲ್ಲಿ ಚಪ್ಪಲಿ ಬಿಟ್ಟ ಸದ್ದಾಯಿತು. ಶೆಟ್ಟರೇ ಬಂದಿದ್ದರು.

“ಅವಳು ಹೋದದ್ದನ್ನ ಒಂದು ಸಲ ನೋಡಿಕೊಂಡು ಹೋಗೋಣ ಅಂತ ಬಂದೆ, ಗುರುಗಳೇ.”

ಇಂದುಧರ ಗುರುಗಳ ಕಡೆಗೆ ಬಗ್ಗಿ ಪಿಸುಗುಟ್ಟಿದ. “ಯಾವುದು ಹಾಕಲಿ? ಮೊದಲನೆಯದು ಅರ್ಧಕ್ಕೇ ನಿಂತುಬಿಡುತ್ತೆ.”

“ತೆಗೆದವನು ನಾನೇನೋ?”

ಇಂದುಧರ ಎರಡನೆಯ ರೀಲನ್ನು ಕೈಗೆತ್ತಿಕೊಂಡ. ಸ್ವಲ್ಪ ಹೊತ್ತು ಹಿಡಿದುಕೊಂಡೇ ಇದ್ದು, ಪಕ್ಕಕ್ಕಿಟ್ಟ. ಮೊದಲನೆಯದನ್ನು ಹಾಕಿದ.

ಗೋಡೆಯ ಮೇಲೆ ಶೆಟ್ಟರು ನೀರಿನಲ್ಲಿ ನಿಂತಿದ್ದರು. ಮಡಕೆ ಬಾಗತೊಡಗಿತು. ರೀಲು ಮುಗಿದು ಗೋಡೆಯೆಲ್ಲ ಬರೀ ಬೆಳಕಾಯಿತು.

“ತಪ್ಪಾಯ್ತು ಶೆಟ್ಟರೇ, ಇರೋದು ಇಷ್ಟೇ,” ಎನ್ನುತ್ತ ಇಂದುಧರ ಪ್ರೊಜೆಕ್ಟರಿನ ದೀಪ ಆರಿಸಲು ಕೈ ಚಾಚಿದ.

ಗುರುಗಳು ಆ ಕೈ ಹಿಡಿದುಕೊಂಡರು.

“ತಡಿ. ಅವರಿನ್ನೂ ನೋಡ್ತಿದಾರೆ.”