ಮಣ್ಣು ಕೇಳಿದರೆ

ಜಾರ್ಜಿಯಾ ದೇಶದಲ್ಲಿ ವೈನ್ ಮಾಡುವ ಮಣ್ಣಿನ ಗುಡಾಣಗಳನ್ನು ಕುತ್ತಿಗೆಯವರೆಗೆ ನೆಲದಲ್ಲಿ ಹೂಳುತ್ತಾರೆ. ಹಾಗೆ ಹೂಳಿಸಿಕೊಳ್ಳಲು ಹೊರಟ ಹೊಸ ಗುಡಾಣವೊಂದು ಗಾಡಿಯಲ್ಲಿ ಹೆದರಿಕೊಂಡು ಮಲಗಿತ್ತು. ದಾರಿಯಲ್ಲಿ ವೈನ್ ಮ್ಯೂಸಿಯಮ್ಮಿನ ಬಾಗಿಲ ಮುಂದೆ ಗಾಡಿ ನಿಂತಾಗ, ಒಳಗಿದ್ದ ಹಳೆಯ ಗುಡಾಣ ಅದರ ಕಣ್ಣಿಗೆ ಬಿತ್ತು.

"ಅಜ್ಜಿ, ನೀನೇ ಪುಣ್ಯವಂತೆ. ಬೆಳಕಿನಲ್ಲಿ ನಿಂತಿದ್ದೀಯ, ಊರೆಲ್ಲ ಬಂದು ನೋಡುತ್ತದೆ. ನನ್ನನ್ನು ಕತ್ತಲಲ್ಲಿ ಹೂಳುತ್ತಾರಂತೆ."

"ಕತ್ತಲೇನೋ ಹೌದು ಮಗಳೇ. ಆದರೆ ದ್ರಾಕ್ಷಿಗೆ ಹುದುಗು ಬರುವಾಗ ಗುಳುಗುಳು ಮಾತಾಡುತ್ತಲೇ ಇರುತ್ತದೆ, ಬೇಸರವಾಗುವುದಿಲ್ಲ. ಕಹಿ ಬೀಜಗಳು ತಾವಾಗಿಯೇ ತಳಕ್ಕಿಳಿಯುತ್ತವೆ. ನೀನು ಅಲುಗಾಡದೆ ಇದ್ದರಾಯಿತು."

"ನನ್ನ ತಳ ಚೂಪು, ಅಜ್ಜಿ. ನನಗೆ ನಿಲ್ಲಲಿಕ್ಕೇ ಬರುವುದಿಲ್ಲ. ಬಿದ್ದುಬಿಟ್ಟರೆ?"

"ಮಣ್ಣು ಬೀಳಗೊಡುವುದಿಲ್ಲ. ಸುತ್ತಲಿಂದ ಅಪ್ಪಿ ಹಿಡಿದಿರುತ್ತದೆ."

ಆಗ ಹೊಸ ಗುಡಾಣ ಅಜ್ಜಿಯ ತಳವನ್ನು ನೋಡಿತು. ಅದೂ ಚೂಪೇ. ಬೀಳದಿರಲೆಂದು ಸೊಂಟಕ್ಕೆ ಕಬ್ಬಿಣದ ಪಟ್ಟಿ ಬಿಗಿದಿದ್ದರು. ಪಟ್ಟಿ ಒತ್ತಿದ ಕಡೆಯೆಲ್ಲ ಮೈ ಸವೆದಿತ್ತು.

ಗಾಡಿ ಹೊರಟಿತು.

"ಮಗಳೇ," ಎಂದು ಹಳೆಯ ಗುಡಾಣ ಹಿಂದಿನಿಂದ ಕರೆಯಿತು. "ಮಣ್ಣು ನನ್ನ ಬಗ್ಗೆ ಕೇಳಿದರೆ, ಸುಖವಾಗಿದ್ದಾಳೆ ಅಂತ ಹೇಳು."