ಉಗುಳಿದ ಚಹಾ

ಬೆಟ್ಟದ ಹಳ್ಳದ ದಂಡೆಯಲ್ಲಿ ನಂಜಯ್ಯ ಮೇಷ್ಟ್ರ ಒಂಟಿ ಕೋಣೆ. ಮೇಷ್ಟ್ರೆಂದರೆ ಶಾಲೆಯ ಮೇಷ್ಟ್ರಲ್ಲ. ಮೂವತ್ತು ವರ್ಷ ಚಹಾ ಕಾರ್ಖಾನೆಯಲ್ಲಿ ರುಚಿ ನೋಡಿದವರು. ಒಂದು ಗುಟುಕು ಬಾಯಿಗೆ ಬಿದ್ದರೆ ಸಾಕು, ಇದು ಯಾವ ಇಳಿಜಾರಿನ ಎಲೆ, ಮಳೆಗೆ ಮೊದಲು ಕಿತ್ತದ್ದೋ ಆಮೇಲೋ ಎಂದು ಹೇಳಿಬಿಡುತ್ತಿದ್ದರು.

ಕಲಿಯುತ್ತೇನೆಂದು ಬಂದವರನ್ನೆಲ್ಲ ಅವರು ಹಿಂದಕ್ಕೆ ಕಳಿಸಿದ್ದರು. ಭಾರ್ಗವಿ ಮಾತ್ರ ಹೋಗಲಿಲ್ಲ.

ಅವಳಿಗೆ ಎರಡು ಹುಚ್ಚು. ಆ ಬೆಟ್ಟದ ಚಹಾದ ಚರಿತ್ರೆ ಬರೆಯಬೇಕು. ಆ ಚರಿತ್ರೆಯನ್ನೇ ಡಬ್ಬಿಯ ಮೇಲೆ ಅಚ್ಚು ಹಾಕಿಸಿ, ಬೆಟ್ಟದ ಚಹಾವನ್ನು ತನ್ನದೇ ಅಂಗಡಿಯಲ್ಲಿ ಮಾರಬೇಕು.

ಹಳೆಯ ಕಡತಗಳನ್ನೆಲ್ಲ ಅವಳು ಜಾಲಾಡಿದ್ದಳು. ಅವುಗಳಲ್ಲಿ ತೋಟದ ದೊರೆಗಳ ಹೆಸರಿತ್ತು, ಅವರ ಕುದುರೆಗಳ ಹೆಸರೂ ಇತ್ತು. ಮೊದಲ ಗಿಡ ನೆಟ್ಟವರ ಹೆಸರು ಮಾತ್ರ ಎಲ್ಲೂ ಇರಲಿಲ್ಲ. ಆ ಹೆಸರುಗಳಿಲ್ಲದೆ ಪುಸ್ತಕ ಮುಗಿಸಲು ಅವಳಿಗೆ ಮನಸ್ಸಿರಲಿಲ್ಲ.

ಅವನ್ನು ಬಲ್ಲವಳು ಬೆಟ್ಟದಲ್ಲಿ ಒಬ್ಬಳೇ ಉಳಿದಿದ್ದಳು. ಚಿಗುರು ಕೀಳುತ್ತಲೇ ಮುದುಕಿಯಾದ ಚಿಕ್ಕತಾಯಮ್ಮ. ಆಕೆಯೂ ಆ ವಾರ ಬೆಟ್ಟ ಬಿಟ್ಟು ಮೊಮ್ಮಗಳ ಊರಿಗೆ ಹೊರಟಿದ್ದಳು.

ಭಾರ್ಗವಿ ಆಕೆಯ ಮನೆಗೆ ಹೋದವಳು ಅರ್ಧ ಗಂಟೆಯಲ್ಲೇ ಮುಖ ಸಣ್ಣದು ಮಾಡಿಕೊಂಡು ಬಂದಳು.

"ಏನಾಯಿತು?" ಮೇಷ್ಟ್ರು ಕೇಳಿದರು.

"ಟೀ ಕೊಟ್ಟರು ಮೇಷ್ಟ್ರೇ. ನಾನು ಉಗುಳಿಬಿಟ್ಟೆ."

ಬೇಕೆಂದು ಮಾಡಿದ್ದಲ್ಲ. ಎರಡು ವರ್ಷದಿಂದ ಅವಳದು ಅದೇ ಅಭ್ಯಾಸ. ಬೆಳಗಾದರೆ ಸಾಲಾಗಿ ನಲವತ್ತು ಬಟ್ಟಲು. ಸೊರ್ ಎಂದು ಹೀರು, ನಾಲಿಗೆಯ ಮೇಲೆ ಹೊರಳಿಸು, ತಗಡಿನ ಬೋಗುಣಿಗೆ ಉಗುಳು. ನುಂಗಿದರೆ ನಾಲಿಗೆ ಮಂಕಾಗುತ್ತದೆ ಎನ್ನುವುದು ಮೇಷ್ಟ್ರ ಮೊದಲ ಪಾಠ. ಚಿಕ್ಕತಾಯಮ್ಮನ ಜಗಲಿಯಲ್ಲಿ ಕೂತು ಮೊದಲು ಏನು ಕೇಳಲಿ ಎಂದು ಯೋಚಿಸುತ್ತಿದ್ದಾಗ ಬಾಯಿ ತನ್ನ ಪಾಡಿಗೆ ತಾನು ಆ ಕೆಲಸ ಮಾಡಿ ಮುಗಿಸಿತ್ತು.

ಮುದುಕಿ ಲೋಟ ಎತ್ತಿಕೊಂಡು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳಂತೆ. ಹೊರಗೆ ನಿಂತು ತಪ್ಪಾಯಿತೆಂದರೆ, ಇರಲಿ ಬುಡವ್ವ, ಅಂದಳಂತೆ. ಬಾಗಿಲು ಮಾತ್ರ ತೆಗೆಯಲಿಲ್ಲ. ಇಷ್ಟು ಹೇಳುವಷ್ಟರಲ್ಲಿ ಭಾರ್ಗವಿಗೆ ಅಳು ಬಂತು.

"ರುಚಿ ಹೇಗಿತ್ತು?"

ಅಳುವಾಗಲೂ ಅವಳ ನಾಲಿಗೆ ತಪ್ಪಲಿಲ್ಲ. "ನೆಲ ಗುಡಿಸಿದ ಪುಡಿ. ಕುದಿ ಜಾಸ್ತಿ. ಸೌದೆ ಹೊಗೆ. ಬರೀ ಕಹಿ."

"ಎಷ್ಟು ಕುಡಿದೆ?"

"ಒಂದು ಗುಟುಕು. ಅಷ್ಟರಲ್ಲೇ ಗೊತ್ತಾಗುತ್ತದಲ್ಲ."

ಮೇಷ್ಟ್ರು ಎದ್ದರು. ಮೂಲೆಯಲ್ಲಿದ್ದ ಬೋಗುಣಿಯನ್ನು ಹಳ್ಳದಲ್ಲಿ ತೊಳೆದು ತಂದು, ಗೋಡೆ ಪಕ್ಕ ಬೋರಲು ಹಾಕಿದರು. ಅವಳ ಕೈಯಿಂದ ನೋಟ್‌ಬುಕ್ಕು, ಪೆನ್ನು ಎರಡನ್ನೂ ತೆಗೆದುಕೊಂಡರು.

"ನಾಳೆ ಇಲ್ಲಿ ಪಾಠ ಇಲ್ಲ. ಅಲ್ಲಿಗೆ ಹೋಗು."

"ಬಾಗಿಲು ತೆಗೆಯದಿದ್ದರೆ?"

"ಜಗಲಿಗೆ ಬಾಗಿಲಿಲ್ಲವಲ್ಲ."

ಮರುದಿನ ಭಾರ್ಗವಿ ಹೋಗಿ ಜಗಲಿಯಲ್ಲಿ ಕೂತಳು. ಬಾಗಿಲು ತೆರೆದೇ ಇತ್ತು. ಚಿಕ್ಕತಾಯಮ್ಮ ಪಾತ್ರೆ ಪಡಗ ಮೂಟೆ ಕಟ್ಟುತ್ತಿದ್ದಳು. ನೋಡಿಯೂ ನೋಡದವಳ ಹಾಗೆ ಓಡಾಡಿದಳು. ಒಬ್ಬಳೇ ತುಂಬುವಾಗ ಚೀಲದ ಬಾಯಿ ನಿಲ್ಲದೆ ಆಕೆ ಪರದಾಡುತ್ತಿದ್ದರೆ ಭಾರ್ಗವಿ ಎದ್ದು ಹಿಡಿದುಕೊಂಡಳು. ಬೇಡ ಅನ್ನಲಿಲ್ಲ ಮುದುಕಿ. ಹೀಗೆ ಮಾತಿಲ್ಲದೆಯೇ ಏಳು ಚೀಲ ತುಂಬಿದವು.

ಮಧ್ಯಾಹ್ನ ಒಂದು ಲೋಟ ಟೀ ಬಂತು. ಕೊಟ್ಟು ಮುದುಕಿ ಎದುರಿಗೇ ನಿಂತಳು.

ಮೊದಲ ಗುಟುಕನ್ನೇ ನಾಲಿಗೆ ಹೊರದಬ್ಬಲು ನೋಡಿತು. ಭಾರ್ಗವಿ ಕಣ್ಣು ಮುಚ್ಚಿ ನುಂಗಿದಳು. ಎರಡನೆಯದೂ ಅದೇ ಕಹಿ, ಅದೇ ಹೊಗೆ. ಒಳ್ಳೆಯ ಚಹಾ ಅಲ್ಲವೆಂದು ಗೊತ್ತಿದ್ದೂ ಕುಡಿಯುತ್ತ ಹೋದಳು. ಅರ್ಧ ಲೋಟ ದಾಟಿದ ಮೇಲೆ ಕಹಿ ಸ್ವಲ್ಪ ಸ್ವಲ್ಪವೇ ಮೆತ್ತಗಾಯಿತು. ಕೊನೆಯ ಗುಟುಕು ಸಿಹಿಯೋ ಸಿಹಿ. ಲೋಟದ ತಳದಲ್ಲಿ ಅರೆ ಕರಗಿದ ಬೆಲ್ಲದ ಚೂರು ಕೂತಿತ್ತು.

ನಾಚಿಕೆಯಿಂದ ಅವಳಿಗೆ ತಲೆ ಎತ್ತಲಾಗಲಿಲ್ಲ.

"ಕಲಕೋದಿಲ್ವಾ ಅವ್ವ?"

"ಕಲಕ್ಬುಟ್ರೆ ಅಲ್ಲೇ ಮುಗ್ದೋಯ್ತದೆ ಕನವ್ವ. ಗಿಡ ನೆಡೋ ಕಾಲ್ದಲ್ಲಿ ನಮ್ಮಜ್ಜೀರ್ಗೆ ಬ್ಯಾರೆ ತೋಟ್ದಿಂದ ತಂದ ನೆಲ ಗುಡ್ಸಿದ ಪುಡಿ, ಒಂದು ಚೂರು ಬೆಲ್ಲ ಕೊಡೋರಂತೆ. ಬೆಟ್ಟ ಅತ್ತೋವಾಗ ಬಾಯಲ್ಲಿ ಸಿಹಿ ಇರ್ಲಿ ಅಂತ ಅದ್ನ ತಳದಲ್ಲೇ ಬುಟ್ಕೊಳೋರು."

"ಅಜ್ಜಿ ಹೆಸರೇನು?"

ಚಿಕ್ಕತಾಯಮ್ಮ ಲೋಟ ಈಸಿಕೊಂಡು ಪಕ್ಕದಲ್ಲೇ ಕೂತಳು. ಅಜ್ಜಿಯ ಹೆಸರು ಹೇಳಿದಳು. ಅಜ್ಜಿಯ ಜೊತೆ ಬೆಟ್ಟ ಹತ್ತಿ ಬಂದವರ ಹೆಸರು, ಯಾರು ಯಾವ ಇಳಿಜಾರಿನಲ್ಲಿ ನೆಟ್ಟರು, ಯಾರು ನೆಡುತ್ತಲೇ ತೀರಿಕೊಂಡರು, ಎಲ್ಲ ಹೇಳಿದಳು. ಬರೆದುಕೊಳ್ಳಲು ಪುಸ್ತಕವಿರಲಿಲ್ಲ. ಒಂದೂ ಮರೆಯಬಾರದೆಂದು ಭಾರ್ಗವಿ ಆ ಹೆಸರುಗಳನ್ನು ಹೇಳಿಕೊಳ್ಳುತ್ತಲೇ ಬೆಟ್ಟ ಇಳಿದಳು.

ಬಂದವಳೇ ಹತ್ತೊಂಬತ್ತು ಹೆಸರನ್ನೂ ಬರೆದಿಟ್ಟಳು. ಆಮೇಲೆ ಮೇಷ್ಟ್ರ ಕಡೆ ತಿರುಗಿದಳು.

"ತಳದಲ್ಲಿ ಬೆಲ್ಲ ಇರುತ್ತದೆಂದು ನಿಮಗೆ ಯಾವಾಗ ಗೊತ್ತಾಯಿತು ಮೇಷ್ಟ್ರೇ?"

ನಂಜಯ್ಯ ಮೇಷ್ಟ್ರು ಬೋರಲು ಬಿದ್ದ ಬೋಗುಣಿಯನ್ನೇ ನೋಡುತ್ತ ಕೂತಿದ್ದರು.

"ಮೂವತ್ತು ವರ್ಷ, ದಿನಾ ಹತ್ತು ಗಂಟೆಗೆ, ಎಲೆ ತೂಕಕ್ಕೆ ಬಂದಾಗ, ಚಿಕ್ಕತಾಯಮ್ಮ ನನ್ನ ಮೇಜಿನ ಮೇಲೂ ಒಂದು ಲೋಟ ತಂದಿಡುತ್ತಿದ್ದಳು. ನಾನು ಕೆಲಸ ಬಿಟ್ಟ ದಿನ ಗೊತ್ತಾಯಿತು, ಮಗಳೇ."